ಎರಡು ಸುಳಿಯ ತಲೆ

ಹೆಂಡತಿಯ ಆಪರೇಷನ್ನಿಗೆ ಇನ್ನು ಎರಡು ದಿನ ಇದೆ ಎನ್ನುವಾಗ ನಾನು ನಂಜನಗೂಡಿನ ಪೇಟೆಯಲ್ಲಿ ಕ್ಷೌರಕ್ಕೆ ಕುಳಿತೆ. ವಿಷಯ ಕೇಳಿದ ಮಗಳು ಫೋನಿನಲ್ಲೇ, "ಆಪರೇಷನ್ ಅಮ್ಮಂಗಾ ನಿಂಗಾ?" ಎಂದು ರೇಗಿಸಿದಳು. ಆಸ್ಪತ್ರೆಯಲ್ಲಿ ಎಷ್ಟು ದಿನ ಇರಬೇಕಾಗುತ್ತದೋ ಏನೋ, ಸನ್ಯಾಸಿಯ ಹಾಗೆ ಕೂದಲು ಬಿಟ್ಟುಕೊಂಡು ಓಡಾಡಲೇ ಎಂದೆ. ಅದು ನೆಪ. ರತ್ನಳ ಎದುರು ಬೆಳಗಿನಿಂದ ಸಂಜೆಯವರೆಗೆ ಧೈರ್ಯದ ಮುಖ ಹೊತ್ತು ಕೂರುವುದು ನನ್ನಿಂದ ಆಗುತ್ತಿರಲಿಲ್ಲ. ಗಾಬರಿಯಾದಾಗ ಕೆಲವರು ಗುಡಿಗೆ ಹೋಗುತ್ತಾರೆ, ಕೆಲವರು ಇನ್ನೆಲ್ಲಿಗೋ ಹೋಗುತ್ತಾರೆ. ನಾನು ಕ್ಷೌರದಂಗಡಿಗೆ ಹೋಗುತ್ತೇನೆ.

ಇಪ್ಪತ್ತು ವರ್ಷದಿಂದ ನನ್ನ ತಲೆ ನೋಡಿಕೊಳ್ಳುತ್ತಿರುವವನು ಸಿದ್ದರಾಜು. ಕೆಲಸ ಮುಗಿದ ಮೇಲೆ ಅವನು ಹಿಂದಿನಿಂದ ಒಂದು ಕನ್ನಡಿ ಹಿಡಿಯುತ್ತಾನೆ. ನಾವು ಏನೂ ಕಾಣದಿದ್ದರೂ "ಸರಿ ಸರಿ" ಎಂದು ತಲೆಯಾಡಿಸುತ್ತೇವೆ. ಅವತ್ತು ಅವನು ಕನ್ನಡಿಯನ್ನು ಸ್ವಲ್ಪ ಹೊತ್ತು ಹೆಚ್ಚೇ ಹಿಡಿದ.

"ಸಾ, ನಿಮ್ಗೆ ಎರಡು ಸುಳಿ ಇದ್ವಲ್ವಾ? ಒಂದು ಓಗ್ಬುಟ್ಟೈತೆ ನೋಡಿ."

ನೋಡಿದೆ. ನೆತ್ತಿಯ ಎಡಗಡೆ ಕೂದಲೆಲ್ಲ ಉದುರಿ ಊಟದ ತಟ್ಟೆಯಂತೆ ನುಣ್ಣಗಾಗಿತ್ತು. ಬಲಗಡೆ ಮಾತ್ರ ನಾಲ್ಕು ಬಿಳಿಕೂದಲು ಸುತ್ತಿಕೊಂಡು, ಇದು ನನ್ನ ಜಾಗ ಎಂಬಂತೆ ನಿಂತಿದ್ದವು.

"ಇದರಲ್ಲಿ ಮೊದಲನೇದು ಯಾವುದು?" ಎಂದು ಕೇಳಿಬಿಟ್ಟೆ.

"ಸುಳೀಲಿ ಮೊದಲ್ನೇದು ಎರಡ್ನೇದು ಅಂತ ಎಲ್ಲೈತೆ ಸಾ? ಜೊತೇಲೇ ಉಟ್ಟಿರ್ತವೆ" ಎಂದು ಅವನು ಬಟ್ಟೆ ಕೊಡವಿದ. ಮೂವತ್ತೊಂದು ವರ್ಷ ಜೀವಶಾಸ್ತ್ರ ಕಲಿಸಿದ ಮೇಷ್ಟರು ಕೇಳುವ ಪ್ರಶ್ನೆಯೇ ಇದು? ಆದರೂ ಮನೆಗೆ ಬರುವ ದಾರಿಯುದ್ದಕ್ಕೂ, ಹೋದದ್ದು ಮೊದಲನೆಯದೇ ಇರಬೇಕು, ಉಳಿದದ್ದು ಎರಡನೆಯದು ಎಂದೇ ನನ್ನ ತಲೆ ಹೇಳುತ್ತಿತ್ತು.

ನಿಮಗೆ ಬಿಡಿಸಿ ಹೇಳಬೇಕಾಗಿಲ್ಲ. ತಲೆಯಲ್ಲಿ ಎರಡು ಸುಳಿ ಇದ್ದರೆ ಎರಡು ಮದುವೆ ಎನ್ನುವ ಮಾತನ್ನು ನೀವೂ ಕೇಳಿಯೇ ಇರುತ್ತೀರಿ. ಹುಲ್ಲಹಳ್ಳಿಯಲ್ಲಿ ನಾನು ಚಿಕ್ಕವನಿದ್ದಾಗ, ಶನಿವಾರ ಶನಿವಾರ ಅವ್ವ ಹರಳೆಣ್ಣೆ ಬಟ್ಟಲು ಹಿಡಿದು ನನ್ನನ್ನು ಎರಡು ಮಂಡಿಗಳ ನಡುವೆ ಅದುಮಿ ಕೂರಿಸಿಕೊಳ್ಳುತ್ತಿದ್ದಳು. ಎಣ್ಣೆ ತಟ್ಟುವಾಗ ಪಕ್ಕದ ಮನೆಯ ಹೆಂಗಸರು ಯಾರಾದರೂ ಬಂದು ನನ್ನ ನೆತ್ತಿಗೆ ಬೆರಳಿಟ್ಟು, "ಲೇ, ನಿಂಗೆ ಇಬ್ರು ಎಂಡ್ರು ಕಣ್ಲಾ" ಎನ್ನುತ್ತಿದ್ದರು. ಏಳು ವರ್ಷದ ನನಗೆ ಇದು ದೊಡ್ಡ ಗೌರವವೆನಿಸಿತ್ತು. ಒಬ್ಬಳು ದೋಸೆ ಹುಯ್ಯಲಿ, ಇನ್ನೊಬ್ಬಳು ನನ್ನ ಲೆಕ್ಕದ ಹೋಂವರ್ಕ್ ಮಾಡಲಿ ಎಂದು ಕೆಲಸವನ್ನೂ ಹಂಚಿಟ್ಟಿದ್ದೆ. ಎರಡನೆಯವಳು ಬರಬೇಕಾದರೆ ಮೊದಲನೆಯವಳು ಏನಾಗಬೇಕು ಎಂಬುದು ನನಗೆ ಹೊಳೆದಿರಲಿಲ್ಲ. ಎಣ್ಣೆ ತಟ್ಟುತ್ತಿದ್ದ ಅವ್ವನಿಗೆ ಹೊಳೆದಿತ್ತು. ಅವಳು ಆ ಮಾತಿಗೆ ನಗುತ್ತಿರಲಿಲ್ಲ.

ಬೆಳೆದು ಬಿ.ಎಸ್ಸಿ., ಬಿ.ಎಡ್. ಮಾಡಿ ಹೈಸ್ಕೂಲು ಮೇಷ್ಟರಾದೆ. ಪ್ರಾಣಿಗಳ ಅಂಗರಚನೆಗೂ ಅದು ಮಾಡುವ ಕೆಲಸಕ್ಕೂ ಇರುವ ಸಂಬಂಧ ಎಂಬ ಪಾಠ ನನಗೆ ಬಹಳ ಇಷ್ಟ. ಮಕ್ಕಳನ್ನು ನಾಲೆಯ ಏರಿಗೆ ಕರೆದುಕೊಂಡು ಹೋಗುತ್ತಿದ್ದೆ. ಗದ್ದೆಯಲ್ಲಿ ಬೆಳ್ಳಕ್ಕಿ ನಿಂತಿರುತ್ತಿತ್ತು. ಕಾಲು ಯಾಕೆ ಉದ್ದ, ನೀರಿನಲ್ಲಿ ನಿಲ್ಲಲಿಕ್ಕೆ. ಕೊಕ್ಕು ಯಾಕೆ ಚೂಪು, ಮೀನು ಹಿಡಿಯಲಿಕ್ಕೆ. ಕಪ್ಪೆಗೆ ಹಿಂಗಾಲು ಯಾಕೆ ದಪ್ಪ, ಬೆಳ್ಳಕ್ಕಿಯಿಂದ ತಪ್ಪಿಸಿಕೊಳ್ಳಲಿಕ್ಕೆ. ಒಂದು ಸಲ ಒಬ್ಬ ಹುಡುಗಿ ಎದ್ದು, "ಸಾ, ತಲೇಲಿ ಸುಳಿ ಯಾಕಿರತ್ತೆ ಸಾ? ಅದೇನ್ ಕೆಲ್ಸ ಮಾಡತ್ತೆ?" ಎಂದು ಕೇಳಿದಳು. ಕೂದಲು ಹುಟ್ಟುವಾಗ ಓರೆಯಾಗಿ ಹುಟ್ಟುತ್ತದೆ, ಹಾಗೆ ಓರೆಯಾದದ್ದು ಎಲ್ಲೋ ಒಂದು ಕಡೆ ಸುತ್ತಿಕೊಳ್ಳಬೇಕಾಗುತ್ತದೆ, ಅದಕ್ಕೆ ಯಾವ ಕೆಲಸವೂ ಇಲ್ಲ ಎಂದೆ. "ಕೆಲ್ಸ ಇಲ್ದಿದ್ರೆ ಯಾಕಿರತ್ತೆ ಸಾ?" ಎಂದಳು. ಬೆಲ್ಲು ಹೊಡೆಯಿತು, ನಾನು ಬಚಾವಾದೆ.

ಆ ಪ್ರಶ್ನೆಗೆ ಮುಂಚೆಯೇ ನನ್ನನ್ನು ಇದೇ ಪಾಠದಲ್ಲಿ ಫೇಲು ಮಾಡಿದವರು ಇನ್ನೊಬ್ಬರಿದ್ದರು. ಅವರು ನನ್ನ ಮಾವ, ತಿ. ನರಸೀಪುರ ತಾಲೂಕಿನ ಹೆಮ್ಮಿಗೆಯ ಮಾದಪ್ಪನವರು. ಎತ್ತು ಕೊಳ್ಳುವವರು ಸುತ್ತಲ ಊರುಗಳಿಂದ ಅವರನ್ನು ಜೊತೆಗೆ ಕರೆದೊಯ್ಯುತ್ತಿದ್ದರು. ಎತ್ತಿನ ಸುತ್ತ ಒಂದು ಸುತ್ತು ಬಂದರೆ ಅದರ ಜಾತಕವೆಲ್ಲ ಅವರ ಬಾಯಲ್ಲಿ. ಹಲ್ಲು, ಎದೆ, ಕಾಲು, ಗೊರಸು ನೋಡುತ್ತಿದ್ದರು. ಎಲ್ಲಕ್ಕಿಂತ ಹೆಚ್ಚಾಗಿ ಸುಳಿ ನೋಡುತ್ತಿದ್ದರು. ಎತ್ತಿನ ಮೈಯಲ್ಲಿ ಇಂಥ ಕಡೆ ಸುಳಿ ಇದ್ದರೆ ಮನೆಗೆ ಶುಭ, ಇಂಥ ಕಡೆ ಇದ್ದರೆ ಯಜಮಾನನಿಗೆ ಕೇಡು ಎಂಬ ಲೆಕ್ಕಾಚಾರ ನಮ್ಮ ಕಡೆಯವರಿಗೆಲ್ಲ ಗೊತ್ತು. ಅಂಥವರು ಮಗಳಿಗೆ ಗಂಡು ನೋಡಲು ಬಸ್ಸು ಹತ್ತಿ ಹುಲ್ಲಹಳ್ಳಿಗೆ ಬಂದರು.

ಬಂದವರು ನನ್ನ ಮುಖ ನೋಡಲೇ ಇಲ್ಲ. ಪಾದ ನೋಡಿದರು.

"ಏನ್ ಪಾಠ ಏಳ್ಕೊಡ್ತೀರಿ ಮೇಷ್ಟ್ರೇ?"

ಪ್ರಾಣಿಗಳ ದೇಹ ಹೇಗಿದೆ, ಯಾಕೆ ಹಾಗಿದೆ ಎಂಬುದನ್ನು ಕಲಿಸುತ್ತೇನೆ ಎಂದೆ, ಸ್ವಲ್ಪ ಎದೆಯುಬ್ಬಿಸಿಯೇ.

"ಅಂಗಾರೆ ಏಳಿ. ಎತ್ತಿನ ಗೊರಸು ಎರಡು ಪಾಲಾಗಿರದು ಯಾಕೆ?"

"ಅವು ಸೀಳುಗೊರಸಿನ ಜಾತಿ."

"ಅದು ಎಸ್ರಾಯ್ತು. ನಾನು ಯಾಕೆ ಅಂದೆ."

ನನಗೆ ಗೊತ್ತಿರಲಿಲ್ಲ. ಅವರು ಎರಡು ಬೆರಳು ಚಾಚಿ ತೋರಿಸಿದರು. "ಕೆಸರ್ಗೆ ಊರ್ದಾಗ ಇಂಗೆ ಅಗಲ ಆಯ್ತದೆ, ಊತೋಗಲ್ಲ. ಎತ್ದಾಗ ಇಂಗೆ ಕೂಡ್ಕತದೆ, ಸಂದೀಲಿ ಗಾಳಿ ಒಕ್ಕತದೆ, ಕಾಲು ಸಲೀಸಾಗಿ ಮೇಲಕ್ಕೆ ಬತ್ತದೆ. ಕುದ್ರೇನ ಗದ್ದೆಗಿಳ್ಸಿ ನೋಡಿ, ಅಲ್ಲೇ ನಾಟ್ಕತದೆ." ಆಮೇಲೆ ಮಕ್ಕಳಿಗೆ ನಾನು ಈ ಮಾತನ್ನು ನನ್ನದೇ ಎಂಬಂತೆ ಹೇಳಿಕೊಟ್ಟಿದ್ದೇನೆ.

ಆಮೇಲೆ ನೀರು ಬೇಕೆಂದರು. ತರಲು ಹೋಗುವಾಗ ನನ್ನ ನಡಿಗೆ ನೋಡುತ್ತಿದ್ದಾರೆಂದು ಬೆನ್ನಿಗೇ ಗೊತ್ತಾಯಿತು. ನನ್ನ ಪಾದ ಮಟ್ಟಸ, ಒದ್ದೆ ಕಾಲಿನಲ್ಲಿ ನಡೆದರೆ ನೆಲದ ಮೇಲೆ ದೋಸೆ ಹುಯ್ದ ಹಾಗೆ ಗುರುತು ಬೀಳುತ್ತದೆ. ಅದನ್ನು ಅವರು ನೋಡಿ ಬಿಟ್ಟುಬಿಟ್ಟರು. ನೀರು ಕುಡಿದು ಏಳುವಾಗ ಹೆಗಲ ಮೇಲಿನ ವಲ್ಲಿ ಜಾರಿ ಬಿತ್ತು. ಬಿತ್ತೋ, ಬೀಳಿಸಿದರೋ. ನಾನು ವಿನಯದಿಂದ ಬಗ್ಗಿ ಎತ್ತಿಕೊಟ್ಟೆ. ಎದ್ದಾಗ ಅವರ ಮುಖ ಬದಲಾಗಿತ್ತು.

"ಎರಡೈತೆ" ಎಂದರು, ಯಾರಿಗೂ ಅಲ್ಲದಂತೆ.

ಎಂಟು ದಿನ ಸುದ್ದಿಯಿಲ್ಲ. ಒಂಬತ್ತನೆಯ ದಿನ ಅವರೇ ಮತ್ತೆ ಬಂದು ಜಗುಲಿಯ ಮೇಲೆ ಕುಳಿತರು. ಹುಡುಗಿಗೆ ಒಪ್ಪಿಗೆ, ಅವರಿಗೂ ಒಪ್ಪಿಗೆ, ಆದರೆ ಅವರ ಹೆಂಡತಿ ಪುಟ್ಟತಾಯಮ್ಮನವರದು ಒಂದೇ ಹಟ. ಗಂಡು ಮೊದಲು ಬಾಳೆಗಿಡಕ್ಕೆ ತಾಳಿ ಕಟ್ಟಲಿ. ಆ ಗಿಡವನ್ನು ಕಡಿದುಬಿಟ್ಟರೆ ಮೊದಲ ಹೆಂಡತಿ ಹೋದಂತಾಯಿತು. ಆಮೇಲೆ ನಮ್ಮ ಮಗಳಿಗೆ ಕಟ್ಟಿದರೆ ಅವಳು ಎರಡನೆಯವಳಾಗಿ ನೂರು ಕಾಲ ಬಾಳುತ್ತಾಳೆ.

ನನಗೆ ಎಲ್ಲಿತ್ತೋ ಸಿಟ್ಟು. ನಾನು ವಿಜ್ಞಾನದ ಮೇಷ್ಟರು, ಗಿಡಕ್ಕೆ ತಾಳಿ ಕಟ್ಟಿದೆ ಎಂದು ಗೊತ್ತಾದರೆ ನಾಳೆ ಮಕ್ಕಳ ಮುಂದೆ ಯಾವ ಮುಖ ಹೊತ್ತು ನಿಲ್ಲಲಿ, ಕೂದಲಿಗೂ ಹೆಂಡತಿಯ ಆಯಸ್ಸಿಗೂ ಏನು ಸಂಬಂಧ ಎಂದು ಒಂದು ಪೀರಿಯಡ್ಡಿನಷ್ಟು ಮಾತಾಡಿದೆ. ಅವ್ವ ಬಾಗಿಲ ಹಿಂದಿನಿಂದ ಸುಮ್ಮನಿರು ಎಂದು ಸನ್ನೆ ಮಾಡುತ್ತಲೇ ಇದ್ದಳು. ಮಾದಪ್ಪನವರು ಪೂರ್ತಿ ಕೇಳಿಸಿಕೊಂಡರು.

"ಒಂದು ಕತೆ ಏಳ್ತೀನಿ ಕೇಳಿ" ಎಂದರು. "ನನ್ ವಯಸ್ನಾಗೆ ಒಂದು ಎತ್ತು ನೋಡಿದ್ದೆ. ಕಾಲು ಅಂದ್ರೆ ಕಾಲು, ಎದೆ ಅಂದ್ರೆ ಎದೆ. ಸುಳಿ ಸರೀಗಿಲ್ಲ ಅಂತ ಬುಟ್ಬಂದೆ. ಎಡತಲೆ ಊರಿನವ್ರು ಒಬ್ರು ಒಡ್ಕೊಂಡೋದ್ರು. ಅದು ಅವ್ರ ಮನೇಲಿ ಅದಿನಾಲ್ಕು ವರ್ಸ ಉತ್ತು. ಯಜಮಾನ ಇನ್ನೂ ಗಟ್ಟಿಯಾಗವ್ನೆ. ಸುಳಿ ನೋಡಿ ತಂದ ನನ್ನೆತ್ತು ಗದ್ದೆ ಮಧ್ಯದಲ್ಲಿ ಮಲಗ್ತಿತ್ತು. ಸುಳಿ ಉಳೋದಿಲ್ಲ ಮೇಷ್ಟ್ರೇ, ಕಾಲು ಉಳೋದು. ನಮ್ಮನೆಯವ್ಳಿಗೆ ನಾನು ಏಳ್ಕತೀನಿ ಬುಡಿ."

ನನ್ನ ಯಾವ ಪಠ್ಯಪುಸ್ತಕವೂ ಇಷ್ಟು ಚೆನ್ನಾಗಿ ಹೇಳಿರಲಿಲ್ಲ. ನಾನು ಗೆದ್ದೆ ಎಂದುಕೊಂಡೆ.

ಮದುವೆ ಹೆಮ್ಮಿಗೆಯ ಅವರ ಮನೆಯ ಮುಂದೆ, ಚಪ್ಪರದಲ್ಲಿ. ಬೆಳಿಗ್ಗೆ ನಾನು ಸ್ನಾನ ಮಾಡಿ, ಹೊಸ ಪಂಚೆ ಸೊಂಟದಲ್ಲಿ ನಿಲ್ಲದೆ ಒದ್ದಾಡುತ್ತ ಚಪ್ಪರದ ಬಳಿ ನಿಂತಿದ್ದೆ. ಪುಟ್ಟತಾಯಮ್ಮನವರು ಗಡಿಬಿಡಿಯಲ್ಲಿ ಬಂದರು. ಚಪ್ಪರದ ಬಾಗಿಲಿಗೆ ಎರಡೂ ಕಡೆ ಬಾಳೆಗಿಡ ನಿಲ್ಲಿಸಿದ್ದರು. ಒಂದರಲ್ಲಿ ಗೊನೆಯಿತ್ತು, ಇನ್ನೊಂದು ಗೊನೆ ಬಿಡದ ಎಳೆಯ ಗಿಡ. ಆ ಎಳೆಯದು ವಾಲುತ್ತಿದೆ ಎಂದರು.

"ನಿಮ್ ಕೈ ಎತ್ರುಕ್ಕೆ ಎಟುಕ್ತದೆ, ಈ ದಾರ ಒಂದೀಟು ಸುತ್ತಿ ಕಟ್ಬುಡ್ರಪ್ಪಾ."

ಅರಿಶಿನ ಬಳಿದ ದಾರ. ಅದರ ನಡುವೆ ಅರಿಶಿನದ ಚೂರೊಂದು ಸಿಕ್ಕಿಕೊಂಡಿತ್ತು. ಮದುವೆಮನೆಯಲ್ಲಿ ಅರಿಶಿನ ಎಲ್ಲಿ ಸಿಕ್ಕಿಕೊಂಡಿರುವುದಿಲ್ಲ? ನಾನು ಕಟ್ಟಲು ಹೋದೆ. ಅತ್ತೆಯಾಗುವವರ ಮುಂದೆ ಒಂದಿಷ್ಟು ಜ್ಞಾನ ಪ್ರದರ್ಶನವೂ ಆಗಲಿ ಎಂದು, "ನೋಡಿ, ಇದು ಕಾಂಡ ಅಂತ ಎಲ್ಲರೂ ತಿಳ್ಕೊಂಡಿದಾರೆ, ಇದು ಕಾಂಡವೇ ಅಲ್ಲ. ಎಲೆಗಳ ಬುಡ ಒಂದರ ಮೇಲೊಂದು ಸುತ್ತಿಕೊಂಡಿರೋದು. ಒಳಗೆ ಗಟ್ಟಿಯಿಲ್ಲ, ನೀರು ಜಾಸ್ತಿ. ಅದಕ್ಕೇ ವಾಲೋದು" ಎಂದು ವಿವರಿಸಿದೆ.

"ಅಂಗಾ?" ಎಂದು ಅವರು ಭಕ್ತಿಯಿಂದ ಕೇಳಿದರು. "ಅಂಗಾರೆ ಮೂರು ಗಂಟು ಆಕ್ಬುಡಿ, ಗಟ್ಟಿಯಾಗಿರ್ಲಿ."

ಮೂರು ಗಂಟು ಹಾಕಿದೆ. ಸ್ವಲ್ಪ ಹೊತ್ತಿಗೆ ನೋಡಿದರೆ ಭಾವಮೈದ ಮಚ್ಚು ಹಿಡಿದು ಅದೇ ಗಿಡವನ್ನು ಕಡಿದು ಎಳೆದುಕೊಂಡು ಹೋಗುತ್ತಿದ್ದಾನೆ. ಈಗ ತಾನೇ ಕಟ್ಟಿದೆನಲ್ಲ ಮಾರಾಯಾ ಎಂದೆ. "ಓಡಾಡಕ್ಕೆ ಅಡ್ಡ ಬತ್ತಿತ್ತು ಭಾವ" ಎಂದು ಹೊರಟೇಹೋದ. ಈ ಮನೆಯವರಿಗೆ ಒಂದು ಕೆಲಸವನ್ನೂ ಯೋಚಿಸಿ ಮಾಡಲು ಬರುವುದಿಲ್ಲ ಎಂದುಕೊಂಡೆ. ಅಷ್ಟರಲ್ಲಿ ಮುಹೂರ್ತಕ್ಕೆ ಕರೆದರು.

ರತ್ನ ಬಂದ ಮೇಲೆ ಎಣ್ಣೆಯ ಬಟ್ಟಲು ಅವಳ ಕೈಗೆ ಹೋಯಿತು, ವಾರ ಮಾತ್ರ ಶನಿವಾರದಿಂದ ಭಾನುವಾರಕ್ಕೆ ಬಂತು. ಅವಳ ಬೆರಳು ನನ್ನ ನೆತ್ತಿಯ ಮೇಲೆ ಬಂದಾಗ ಒಂದು ಗಳಿಗೆ ನಿಲ್ಲುತ್ತಿತ್ತು. ಪಾಪ, ತಾಯಿಯ ಮಾತು ನೆನೆದು ಹೆದರುತ್ತಿದ್ದಾಳೆ ಎಂದು ನಾನು ಕೂದಲಿನ ಮೇಲೆ ಪಾಠ ಶುರು ಮಾಡುತ್ತಿದ್ದೆ. ಅವಳು ಹೂಂ ಹೂಂ ಎಂದುಕೊಂಡು ಎಣ್ಣೆ ತಟ್ಟುತ್ತಿದ್ದಳು. ಈಗ ನಿಮ್ಮ ಮುಂದೆ ಒಪ್ಪಿಕೊಳ್ಳುತ್ತೇನೆ. ಹೆದರುತ್ತಿದ್ದವನು ನಾನು. ಮಗಳು ಹುಟ್ಟಿದ ವರ್ಷ ರತ್ನಳಿಗೆ ಟೈಫಾಯ್ಡ್ ಆಗಿತ್ತು. ಜ್ವರ ಇಳಿಯದ ನಾಲ್ಕನೆಯ ದಿನ, ಮಗು ತೊಡೆಯ ಮೇಲಿತ್ತು, ನನ್ನ ಕೈ ತಾನಾಗಿ ನೆತ್ತಿಗೆ ಹೋಗಿ ಆ ಎರಡು ಸುಳಿಯನ್ನು ಹುಡುಕಿತ್ತು. ಅವತ್ತಿನಿಂದ ಅವಳು ಕೆಮ್ಮಿದರೂ ನನ್ನ ಕೈ ಅಲ್ಲಿಗೇ ಹೋಗುತ್ತದೆ. ನಂಬಿಕೆಯಿಲ್ಲದವನಿಗೂ ಭಯ ಬರುತ್ತದೆ ಎನ್ನುವುದು ಯಾವ ಸಿಲಬಸ್ಸಿನಲ್ಲೂ ಇಲ್ಲ.

ಅವಳಿಗೆ ಈಗ ಆಗಿದ್ದದ್ದು ಪಿತ್ತಕೋಶದಲ್ಲಿ ಕಲ್ಲು. ಕೀವು ತುಂಬಿತ್ತು, ಜೊತೆಗೆ ಸಕ್ಕರೆ ಕಾಯಿಲೆ. ಮೈಸೂರಿನ ಆಸ್ಪತ್ರೆಯ ಡಾಕ್ಟರು ಚಿಕ್ಕ ವಯಸ್ಸಿನ ಹೆಣ್ಣುಮಗಳು. ಪೂರ್ತಿ ತೆಗೆದುಬಿಡಬೇಕು ಎಂದರು. "ಅದಕ್ಕೊಂದು ಕೆಲಸ ಇದೆಯಲ್ಲಮ್ಮಾ" ಎಂದೆ ನಾನು. ಪಿತ್ತರಸದ ಮೇಲೆ ಎಷ್ಟು ಸಲ ಪ್ರಶ್ನೆಪತ್ರಿಕೆ ತೆಗೆದಿದ್ದೇನೆ! "ಇದೆ ಸಾರ್. ಆದರೆ ಇಲ್ಲದಿದ್ದರೂ ನಡೆಯುತ್ತೆ. ಶುಗರ್ ಇರೋದರಿಂದ ಸ್ವಲ್ಪ ರಿಸ್ಕ್ ಮಾತ್ರ ಇದೆ" ಎಂದು ಒಂದು ಕಾಗದ ಮುಂದಿಟ್ಟರು. ಜೀವಕ್ಕೆ ಅಪಾಯವಾದರೆ ಆಸ್ಪತ್ರೆ ಹೊಣೆಯಲ್ಲ ಎಂದು ಬರೆದಿತ್ತು. ಅದರ ಕೆಳಗೆ ನನ್ನ ರುಜು ನನಗೇ ಬೇರೆ ಯಾರದೋ ಎಂಬಂತೆ ಕಂಡಿತು.

ಬೆಳಿಗ್ಗೆ ಹತ್ತಕ್ಕೆ ಅವಳನ್ನು ಹಸಿರು ಬಟ್ಟೆ ಹೊದಿಸಿ ಸ್ಟ್ರೆಚರಿನ ಮೇಲೆ ಥಿಯೇಟರಿನ ಬಾಗಿಲವರೆಗೆ ತಂದು ನಿಲ್ಲಿಸಿದರು. ಒಳಗಿನವರು ಇನ್ನೂ ಸಿದ್ಧವಾಗಿರಲಿಲ್ಲ. ಬಳೆ, ಸರ ಎಲ್ಲ ಬಿಚ್ಚಿ ನನ್ನ ಕೈಲಿ ಕೊಟ್ಟಿದ್ದಳು. ಅವು ಇಲ್ಲದೆ ಅವಳ ಕುತ್ತಿಗೆ, ಕೈ ಚಿಕ್ಕ ಹುಡುಗಿಯವು ಎಂಬಂತೆ ಕಂಡವು. ನನ್ನ ಕೈ ಮತ್ತೆ ನೆತ್ತಿಗೆ ಹೋಯಿತು.

"ಯಾಕ್ರೀ, ಆಗ್ಲಿಂದ ತಲೆ ಮುಟ್ಕೋತಾ ಇದೀರಾ?" ಎಂದಳು.

"ಏನಿಲ್ಲ."

"ಏಳಿ ಅಂದ್ರೆ."

ಹೇಳಿದೆ. ಸಿದ್ದರಾಜುವಿನ ಕನ್ನಡಿ, ಒಂದು ಸುಳಿ ಹೋಗಿ ಒಂದು ಉಳಿದಿರುವುದು, ಟೈಫಾಯ್ಡಿನ ಕಾಲದಿಂದ ನಾನು ಹೆದರಿಕೊಂಡೇ ಇರುವುದು, ಎಲ್ಲ. "ಅವತ್ತು ನಿಮ್ಮಮ್ಮ ಕೇಳಿದ ಹಾಗೆ ಒಂದು ಬಾಳೆಗಿಡಕ್ಕೆ ಕಟ್ಟಿಬಿಟ್ಟಿದ್ದರೆ ನನ್ನ ಗಂಟೇನು ಹೋಗ್ತಿತ್ತು ರತ್ನಾ. ನನ್ನ ಮರ್ಯಾದೆ ದೊಡ್ಡದಾಗಿತ್ತು ನನಗೆ" ಎಂದೆ.

ರತ್ನ ನನ್ನನ್ನು ನೋಡಿದಳು. ಆಮೇಲೆ ನಗತೊಡಗಿದಳು. ಹೊಟ್ಟೆ ಹಿಡಿದುಕೊಂಡು, ನೋಯುತ್ತದೆ ಅಯ್ಯೋ ಎನ್ನುತ್ತಲೇ ನಕ್ಕಳು. ನರ್ಸು ಬಂದು ಏನಾಯಿತೆಂದು ಕೇಳಿದಳು.

"ನೀವು ಕಟ್ಟಿದ್ರಲ್ರೀ! ಚಪ್ಪರದತ್ರ, ಮೂರು ಗಂಟು ಆಕಿ!"

ನನಗೆ ಕೂಡಲೇ ಅರ್ಥವಾಗಲಿಲ್ಲ.

"ಕನ್ನೆ ಗಿಡಾನೇ ಆಗ್ಬೇಕು ಅಂತ ನಮ್ಮಪ್ಪ ತೋಟ ಎಲ್ಲಾ ಸುತ್ತಿ ರಸಬಾಳೆ ಗಿಡ ತಂದಿದ್ದು. ನಮ್ಮವ್ವ ದಾರ ಕೊಟ್ಲು. ತಮ್ಮ ಕಡ್ದಾಕ್ದ. ಊರಿಗೆಲ್ಲಾ ಗೊತ್ತು, ನಿಮ್ಗೊಬ್ರಿಗೆ ಗೊತ್ತಿಲ್ಲ."

ಸುಳಿ ಉಳೋದಿಲ್ಲ ಎಂದ ಮಾದಪ್ಪನವರು! "ಇಷ್ಟು ವರ್ಷ ಯಾಕೆ ಹೇಳಲಿಲ್ಲ ನೀನು?"

"ಅವ್ವ ಆಣೆ ಆಕ್ಸಿದ್ಲು, ಮೇಷ್ಟ್ರು ಬೇಜಾರು ಮಾಡ್ಕತಾರೆ ಅಂತ. ಭಾನುವಾರ ಎಣ್ಣೆ ಆಕೋವಾಗೆಲ್ಲಾ ಬಾಯಿಗೆ ಬರೋದು, ನಗು ತಡ್ಕತಿದ್ದೆ. ಏಳಿದ್ರೆ ನೀವು ಅದು ಕಾಂಡ ಅಲ್ಲ ಅಂತ ಇನ್ನೊಂದು ಪಾಠ ಶುರು ಮಾಡ್ತಿದ್ರಿ." ಅವಳು ಕೈ ಚಾಚಿ ನನ್ನ ತಲೆಯನ್ನು ಬಗ್ಗಿಸಿಕೊಂಡು, ನುಣ್ಣಗಾದ ಜಾಗವನ್ನು ಒಮ್ಮೆ ಸವರಿದಳು. "ಇಲ್ಲಿದ್ದೋಳು ಅವತ್ತೇ ಓದ್ಲು ಕಣ್ರೀ. ನಾನು ಎರಡ್ನೇವ್ಳು. ಇಗೋ ಇಲ್ಲೇ ಇವ್ನಿ. ಕಾಫಿ ಕುಡ್ದು ಬನ್ನಿ, ಓಗಿ."

ಒಳಗೆ ಕರೆದುಕೊಂಡು ಹೋದರು. ನಾನು ಕಾಫಿಗೆ ಹೋಗಲಿಲ್ಲ. ಬೆಂಚಿನ ಮೇಲೆ ಅವಳ ಬಳೆ, ಸರ ಹಿಡಿದು ಕುಳಿತೆ. ಅತ್ತೆ ಮಾವ ಇಬ್ಬರೂ ಈಗಿಲ್ಲ. ಇದ್ದಿದ್ದರೆ ನನ್ನ ಕಾಲೆಳೆದದ್ದಕ್ಕೆ ಜಗಳ ಆಡುತ್ತಿದ್ದೆನೋ, ಕಾಲಿಗೆ ಬೀಳುತ್ತಿದ್ದೆನೋ ಹೇಳಲಾರೆ. ಗಿಡಕ್ಕೆ ಕಟ್ಟಿದ ದಾರ ಪಿತ್ತಕೋಶದ ಕೀವನ್ನು ಏನೂ ಮಾಡಲಾರದು, ಅದು ನನಗೆ ಚೆನ್ನಾಗಿ ಗೊತ್ತು. ಆದರೂ ಆ ಎರಡು ಗಂಟೆ ನನ್ನ ಕೈ ಒಮ್ಮೆಯೂ ತಲೆಗೆ ಹೋಗಲಿಲ್ಲ. ಮಧ್ಯಾಹ್ನ ಡಾಕ್ಟರಮ್ಮ ಹೊರಗೆ ಬಂದು, ಚೆನ್ನಾಗಿ ಆಯಿತು ಎಂದು ಒಂದು ಡಬ್ಬಿಯಲ್ಲಿ ಕಡಲೆಕಾಳಿನಷ್ಟು ಕಲ್ಲುಗಳನ್ನು ತೋರಿಸಿದಾಗ ನಾನು ಎಲ್ಲರೆದುರಿಗೇ ಅತ್ತುಬಿಟ್ಟೆ.

ಅವಳು ಮನೆಗೆ ಬಂದು ಹತ್ತು ದಿನವಾಯಿತು. ಎಣ್ಣೆ ಪದಾರ್ಥ ಕೂಡದು, ಭಾರ ಎತ್ತಕೂಡದು, ಉಳಿದಂತೆ ಮೊದಲಿನ ಹಾಗೇ. ನೋಡಲು ಬರುವವರು ಬರುತ್ತಲೇ ಇದ್ದಾರೆ. ನಿನ್ನೆ ಭಾವಮೈದ ಹೆಮ್ಮಿಗೆಯಿಂದ ಬಂದ. ಅವನ ತಲೆಯೂ ಈಗ ನನ್ನಂತೆಯೇ ಆಗಿದೆ. ಕೈಯಲ್ಲಿ ರಸಬಾಳೆಯ ಎರಡು ಚಿಪ್ಪು ಇತ್ತು. ನನ್ನನ್ನು ನೋಡಿ ಅವನಿಗೆ ನಗು ತಡೆಯಲಾಗುತ್ತಿರಲಿಲ್ಲ, ಅಕ್ಕ ಫೋನಿನಲ್ಲಿ ಎಲ್ಲ ಹೇಳಿದ್ದಾಳೆ. ರತ್ನ ಗೋಡೆಗೆ ಒರಗಿ ಕುಳಿತಿದ್ದವಳು, ಒಂದು ಹಣ್ಣು ಬಿಡಿಸಿ ನನ್ನ ಕೈಗಿಟ್ಟಳು.

"ಎದ್ದು ಬನ್ರೀ, ಕೈಕಾಲಿಗೆ ನೀರು ಕೊಡಿ" ಎಂದಳು, ಬಾಳೆಚಿಪ್ಪಿನ ಕಡೆ ತೋರಿಸಿ. "ನಮ್ಮಕ್ಕನ ಕಡೆಯವ್ರು ಬಂದವ್ರೆ."